ಒಂದು ರೂಪಾಯಿಯೂ ಹೆಚ್ಚಾಗದ ಕಂತು

ಮನುಷ್ಯನಿಗೆ ಬಡಾಯಿ ಕೊಚ್ಚಿಕೊಳ್ಳಲು ಏನಾದರೂ ಒಂದು ಬೇಕು. ಕೆಲವರಿಗೆ ಮಕ್ಕಳ ಅಂಕಪಟ್ಟಿ ಇರುತ್ತದೆ. ಕೆಲವರಿಗೆ ಅರವತ್ತಾದರೂ ಸಕ್ಕರೆ ಕಾಯಿಲೆ ಬಂದಿರುವುದಿಲ್ಲ. ನಮ್ಮ ಕೆಳಗಿನ ಮನೆಯ ಖನ್ನಾ ಅವರಿಗೆ ಒಂದು ಹಳೇ ಸ್ಕೂಟರ್ ಇದೆ. ಚಳಿಗಾಲದಲ್ಲೂ ಒಂದೇ ಒದೆತಕ್ಕೆ ಸ್ಟಾರ್ಟ್ ಆಗುತ್ತದೆ ಅಂತ ಅವರು ಹೇಳದ ದಿನವಿಲ್ಲ. ನನಗೆ ಅಂಥದ್ದೇನೂ ದಕ್ಕಲಿಲ್ಲ. ಮಗಳು ನಿಧಿ ಪಾಸಾದಳು, ಅಷ್ಟೇ. ಸಕ್ಕರೆ ನಲವತ್ತಾರಕ್ಕೇ ಬಂತು. ನಮ್ಮ ಸ್ಕೂಟರನ್ನು ತಳ್ಳಿಕೊಂಡು ಹೋಗಿ ಗುಜರಿಗೆ ಕೊಟ್ಟು ಬಂದೆ. ಆದರೂ ನನ್ನ ಹತ್ತಿರ ಒಂದು ಆಸ್ತಿ ಇತ್ತು. ನನ್ನ ಮನೆ ಸಾಲದ ಕಂತು! ಹದಿನೇಳು ವರ್ಷದಿಂದ ತಿಂಗಳಿಗೆ ಇಪ್ಪತ್ತೊಂದು ಸಾವಿರದ ಮುನ್ನೂರು ರೂಪಾಯಿ. ಹಾಲಿನ ರೇಟು ಏರಿತು, ಮೆಟ್ರೋ ಟಿಕೆಟ್ ಏರಿತು, ನನ್ನ ಸೊಂಟದ ಅಳತೆ ಏರಿತು. ಕಂತು ಮಾತ್ರ ಒಂದು ರೂಪಾಯಿಯೂ ಹೆಚ್ಚಾಗಲಿಲ್ಲ.

ಪ್ರತಿ ತಿಂಗಳು ಐದನೇ ತಾರೀಕು ಬೆಳಗ್ಗೆ ಬ್ಯಾಂಕಿನಿಂದ ಮೊಬೈಲಿಗೆ ಮೆಸೇಜ್ ಬರುತ್ತದೆ. ನಾನು ಅದನ್ನು ಮನೆಯವರೆಲ್ಲ ಕೇಳುವ ಹಾಗೆ ಓದುತ್ತಿದ್ದೆ. "ಅದೇ ಇಪ್ಪತ್ತೊಂದು ಸಾವಿರದ ಮುನ್ನೂರು!" ಮನೆಯವರು ಅಂದರೆ ಹೆಂಡತಿ ವಸುಧಾ, ಮತ್ತು ಕಾಲೇಜಿನ ಎರಡನೇ ವರ್ಷದಲ್ಲಿರುವ ನಿಧಿ. ನಿಧಿ ಕಿವಿಯಿಂದ ಇಯರ್‌ಫೋನ್ ತೆಗೆಯದೆಯೇ "ಕಂಗ್ರಾಟ್ಸ್, ಪಪ್ಪಾ" ಅನ್ನುತ್ತಿದ್ದಳು. ವಸುಧಾ ನಗುತ್ತಿದ್ದಳು. ಆ ನಗುವಿನ ಬಗ್ಗೆ ಆಮೇಲೆ ಹೇಳುತ್ತೇನೆ.

ಮೊದಲು ಮನೆಯ ವಿಷಯ. ಪೀತಮ್‌ಪುರದಲ್ಲಿ ಮೂರನೇ ಮಹಡಿ, ಎರಡು ಕೋಣೆ, ಲಿಫ್ಟ್ ಇಲ್ಲ. ನಾನು ಕೆಲಸ ಮಾಡುವುದು ಮಾನೇಸರ್‌ನ ಒಂದು ಕಾರಿನ ಬಿಡಿಭಾಗದ ಕಾರ್ಖಾನೆಯಲ್ಲಿ, ಅಂದರೆ ದೆಹಲಿಯ ಈ ತುದಿಯಿಂದ ಹರಿಯಾಣದ ಆ ತುದಿಗೆ. ಬೆಳಗ್ಗೆ ಐದೂ ಮುಕ್ಕಾಲಿಗೆ ಮಧುಬನ್ ಚೌಕದಲ್ಲಿ ಕಂಪನಿ ಬಸ್ಸು ಹತ್ತಿದರೆ ಸಂಜೆ ಏಳಕ್ಕೆ ಅದೇ ಚೌಕದಲ್ಲಿ ಇಳಿಯುತ್ತೇನೆ. ಇಷ್ಟು ದೂರ ಯಾಕೆ ಕೊಂಡಿರಿ ಅಂತ ನೀವು ಕೇಳಬಹುದು. ವಸುಧಾ ಪ್ರೈಮರಿ ಟೀಚರ್. ಅವಳ ಶಾಲೆ ಈ ಮನೆಯಿಂದ ನಡೆದರೆ ಏಳು ನಿಮಿಷ. ಮದುವೆಯಾದ ಹೊಸದರಲ್ಲಿ ಬಾಡಿಗೆ ಮನೆಗಳಲ್ಲಿ ಮಾಲೀಕರು ಈರುಳ್ಳಿ ವಾಸನೆಯಿಂದ ಹಿಡಿದು ಅತಿಥಿಗಳ ಚಪ್ಪಲಿಯವರೆಗೆ ತಕರಾರು ತೆಗೆಯುತ್ತಿದ್ದರು. ಮೂರನೇ ಸಲ ಸಾಮಾನು ಕಟ್ಟುವಾಗ ಅವಳು ರುಬ್ಬುವ ಕಲ್ಲಿನ ಮೇಲೆ ಕೂತು, "ಇನ್ನೊಂದು ಸಲ ನಾನು ಈ ಕಲ್ಲು ಹೊರೋದಿಲ್ಲರೀ" ಅಂದಳು. ಅವಳ ಬಳೆ, ನನ್ನ ಉಳಿತಾಯ, ಮೇಲೆ ಇಪ್ಪತ್ತೈದು ಲಕ್ಷ ಸಾಲ. ಇಪ್ಪತ್ತು ವರ್ಷದ ಅವಧಿ. ನನಗಾಗ ಮೂವತ್ತೆಂಟು. ಕಂಪನಿ ಐವತ್ತೆಂಟಕ್ಕೆ ಮನೆಗೆ ಕಳಿಸುತ್ತದೆ. ಸಾಲವೂ ನೌಕರಿಯೂ ಒಂದೇ ತಿಂಗಳು ಮುಗಿಯುವ ಹಾಗೆ ಕೂಡಿಸಿದ ನನ್ನ ಲೆಕ್ಕಾಚಾರಕ್ಕೆ ನಾನೇ ಬೆನ್ನು ತಟ್ಟಿಕೊಂಡಿದ್ದೆ.

ಕಂತು ವಸುಧಾಳ ಸಂಬಳದ ಖಾತೆಯಿಂದ ಹೋಗುತ್ತಿತ್ತು. ಆಗ ಅವಳ ಸಂಬಳವೆಲ್ಲ ಅದಕ್ಕೇ ಸರಿಹೋಗುತ್ತಿತ್ತು. ನನ್ನ ಸಂಬಳದಲ್ಲಿ ಸಂಸಾರ, ಅವಳ ಸಂಬಳದಲ್ಲಿ ಗೋಡೆ. ಉಳಿದದ್ದಕ್ಕೆಲ್ಲ ನಮ್ಮ ಮನೆಯಲ್ಲಿ ಒಂದು ಸಿದ್ಧ ಉತ್ತರವಿತ್ತು: "ಸಾಲ ತೀರಿದ ಮೇಲೆ." ಹೊಸ ಸೋಫಾ, ಸಾಲ ತೀರಿದ ಮೇಲೆ. ಕಾಶ್ಮೀರ, ಸಾಲ ತೀರಿದ ಮೇಲೆ. ನಿಧಿ ಐದು ವರ್ಷದವಳಿದ್ದಾಗ ಅದೊಂದು ಹಬ್ಬ ಅಂತಲೇ ತಿಳಿದಿದ್ದಳು. "ಸಾಲ ತೀರೋದು ದಿವಾಲೀಗೆ ಪೆಹಲೇನಾ, ಬಾದ್ ಮೇನಾ?" ಅಂತ, ಅಂದರೆ ದೀಪಾವಳಿಗೆ ಮೊದಲೋ ಆಮೇಲೋ ಅಂತ, ಕೇಳಿದ್ದಳು. ನಾವಿಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕೆವು. ಈಗ ನೆನೆದರೆ ನಗು ಬರುವುದಿಲ್ಲ.

ಈಗ ವಸುಧಾಳ ನಗುವಿನ ವಿಷಯ. ಅದಕ್ಕೆ ಸದ್ದಿಲ್ಲ. ಮೊದಲು ಇತ್ತು. ಅವಳದು ಎಂಥ ಕಂಠ ಅಂದರೆ, ಕೆಳಗೆ ರಸ್ತೆಯಲ್ಲಿ ತರಕಾರಿ ಗಾಡಿ ಹೋಗುತ್ತಿದ್ದರೆ ಮೂರನೇ ಮಹಡಿಯ ಬಾಲ್ಕನಿಯಿಂದ "ಭಯ್ಯಾ, ರುಕೋ!" ಅಂದರೆ ಸಾಕು, ನಮ್ಮ ತರಕಾರಿಯವನ ಜೊತೆಗೆ ಹಿಂದಿನ ಬೀದಿಯ ಹಣ್ಣಿನವನೂ ನಿಲ್ಲುತ್ತಿದ್ದ. ಒಗ್ಗರಣೆ ಹಾಕುವಾಗ ಹಾಡು ಗುನುಗುತ್ತಿದ್ದಳು. ಸಾಸಿವೆ ಸಿಡಿಯುವುದಕ್ಕೂ ಅವಳ ದನಿ ಮೇಲೇರುವುದಕ್ಕೂ ಸರಿಹೋಗುತ್ತಿತ್ತು. ಮೂರನೇ ಕ್ಲಾಸಿನ ನಲವತ್ತೆರಡು ಮಕ್ಕಳ ಎದುರು, ದಿನಕ್ಕೆ ಆರು ಪೀರಿಯಡ್, ಇಪ್ಪತ್ತೈದು ವರ್ಷ ಕೂಗಿದ ಮೇಲೆ ಆ ಕಂಠ ಸೋತಿತು. ಮೊದಲು ಒಡೆಯಿತು, ಆಮೇಲೆ ಗಾಳಿ ಮಾತ್ರ ಬರತೊಡಗಿತು. ಗಂಟಲಿನ ಡಾಕ್ಟರು ನಳಿಕೆ ಇಳಿಸಿ ನೋಡಿ, ಒಳಗೆ ಗಂಟು ಕಟ್ಟಿದೆ ಅಂದರು. "ಕೆಲಸ ಬಿಟ್ಟು ದನಿಗೆ ವಿಶ್ರಾಂತಿ ಕೊಟ್ಟರೆ ಸರಿಹೋಗಬಹುದು. ಹೀಗೇ ಕೂಗುತ್ತಾ ಹೋದರೆ ಆಪರೇಷನ್ ಮಾಡಿಸಿದರೂ ಮೊದಲಿನ ದನಿ ಬರುವ ಖಾತ್ರಿ ಇಲ್ಲ" ಅಂದರು.

ಇದಕ್ಕೂ ನಾವು ನಮ್ಮ ಸಿದ್ಧ ಉತ್ತರವನ್ನೇ ಕೊಟ್ಟೆವು. "ಮೂರೇ ವರ್ಷ ತಾನೇ, ಸಾಲ ತೀರಲಿ" ಅಂದಳು ವಸುಧಾ. ನಾನು ತಲೆಯಾಡಿಸಿದೆ. ತಲೆಯಾಡಿಸುವುದು ಸುಲಭ, ಅದರಲ್ಲಿ ಗಂಟಲಿಗೆ ಕೆಲಸವಿಲ್ಲ. ಒಂದು ಒಪ್ಪಂದ ಮಾಡಿಕೊಂಡೆವು. ಸೋಮವಾರದಿಂದ ಶುಕ್ರವಾರದವರೆಗೆ ದನಿ ಶಾಲೆಗೆ. ಶನಿವಾರ, ಭಾನುವಾರ ಮನೆಯಲ್ಲಿ ಸಂಪೂರ್ಣ ಮೌನ. ಅವಳು ಶಾಲೆಯ ಪಕ್ಕದ ಅಂಗಡಿಯಿಂದ ಮರದ ಚೌಕಟ್ಟಿನ ಒಂದು ಸ್ಲೇಟು ತಂದು ಫ್ರಿಜ್ಜಿನ ಪಕ್ಕ ಮೊಳೆ ಹೊಡೆದು ನೇತುಹಾಕಿದಳು. ವಾರಾಂತ್ಯದಲ್ಲಿ ನಮ್ಮ ಸಂಸಾರ ನಡೆಯುತ್ತಿದ್ದದ್ದು ಅದರ ಮೇಲೇ. "ಮೊಸರು ತನ್ನಿ." "ಫ್ಯಾನ್ ಆಫ್ ಮಾಡಿ." ತರಕಾರಿಯವನನ್ನು ಕರೆಯಲು ಸ್ಟೀಲ್ ಚಮಚದಿಂದ ಬಾಲ್ಕನಿಯ ಕಂಬಿಗೆ ಬಡಿಯುತ್ತಾಳೆ. ಜಗಳವೂ ಸ್ಲೇಟಿನ ಮೇಲೇ. ಅವಳು ಬರೆದು ಮುಗಿಸುವಷ್ಟರಲ್ಲಿ ನನ್ನ ಸಿಟ್ಟು ಇಳಿದಿರುತ್ತಿತ್ತು. ಇದೊಂದು ಒಳ್ಳೆಯ ವ್ಯವಸ್ಥೆ ಅಂತ ನಾನು ಬಸ್ಸಿನಲ್ಲಿ ಹೇಳಿ ನಾಲ್ಕು ಜನರನ್ನು ನಗಿಸಿದ್ದೂ ಉಂಟು. ನನಗೆ ನಾಚಿಕೆಯಾಗಬೇಕಿತ್ತು.

ಆ ಬಸ್ಸಿನಲ್ಲೇ ನನ್ನ ಬಡಾಯಿಗೆ ಕೇಡು ಕಾದಿತ್ತು. ನನ್ನ ಪಕ್ಕದ ಸೀಟಿನಲ್ಲಿ ಕೂರುವವರು ಬೋಪಯ್ಯನವರು. ಕೊಡಗಿನವರು, ಸೇನೆಯಲ್ಲಿ ಸುಬೇದಾರರಾಗಿ ನಿವೃತ್ತರಾಗಿ ಈಗ ನಮ್ಮ ಕಾರ್ಖಾನೆಯ ಸೆಕ್ಯುರಿಟಿ ಆಫೀಸರ್. ಮೀಸೆ ಮತ್ತು ಮಾತು ಎರಡನ್ನೂ ಚಿಕ್ಕದಾಗಿ ಕತ್ತರಿಸಿ ಇಟ್ಟವರು. ಅಂದು ಮುಂದಿನ ಸೀಟಿನಲ್ಲಿ ಯಾರೋ ಹೊಸ ಹುಡುಗರು ಸಾಲದ ಬಡ್ಡಿ ಏರಿದ್ದಕ್ಕೆ ಗೋಳಾಡುತ್ತಿದ್ದರು. ನಾನು ಸುಮ್ಮನಿರುತ್ತೇನೆಯೇ? ಇಪ್ಪತ್ತೊಂದು ಸಾವಿರದ ಮುನ್ನೂರರ ಕಥೆಯನ್ನು ಮಾನೇಸರ್ ಬರುವವರೆಗೂ ಹೇಳಿದೆ. "ಬ್ಯಾಂಕಿನವರು ಕಾಗದ ಕಳಿಸ್ತಾರೆ. ಕಂತು ಹೆಚ್ಚಿಸೋದಕ್ಕೆ ಒಪ್ಪಲೇಬಾರದು. ನಾನು ಮೂರು ಸಲ ಒಪ್ಪಿಲ್ಲ" ಅಂದೆ.

ಬೋಪಯ್ಯನವರು ಕಿಟಕಿಯಾಚೆ ನೋಡುತ್ತಲೇ ಕೇಳಿದರು. "ಬಡ್ಡಿ ಏರಿತು ಅಂತೀರಿ. ಕಂತು ಏರಲಿಲ್ಲ ಅಂತೀರಿ. ಮತ್ತೆ ಏರಿದ್ದು ಎಲ್ಲಿಗೆ ಹೋಯ್ತು ಸಾರ್?"

"ಎಲ್ಲಿಗೆ ಅಂದ್ರೆ? ಬ್ಯಾಂಕಿನವರೇ ನುಂಗಿಕೊಂಡಿರ್ತಾರೆ" ಅಂದೆ.

"ಬ್ಯಾಂಕಿನವರು ನುಂಗಿಕೊಂಡದ್ದನ್ನ ನಾನು ಎಲ್ಲೂ ನೋಡಿಲ್ಲ. ಸಾಲ ಮುಗಿಯೋ ತಾರೀಕು ಬರಹದಲ್ಲಿ ಇದೆಯಾ?"

ಆ ಪ್ರಶ್ನೆ ಇಡೀ ದಿನ ನನ್ನನ್ನು ಕಾಡಿತು. ಯಾಕೆ ಅಂದರೆ, ಕಾರ್ಖಾನೆಯಲ್ಲಿ ನಾನು ಏನು ಅಂತ ನಿಮಗೆ ಇನ್ನೂ ಹೇಳಿಲ್ಲ. ಹೇಳಲು ನಾಚಿಕೆಯಾಗಿ ಇಲ್ಲಿಯವರೆಗೆ ಎಳೆದೆ. ನಾನು ಕ್ವಾಲಿಟಿ ಇನ್‌ಸ್ಪೆಕ್ಟರ್. ಗೇರಿನ ಹಲ್ಲು ಕೂದಲಿನ ದಪ್ಪದ ಹತ್ತನೇ ಒಂದು ಪಾಲು ಆಚೀಚೆಯಾದರೂ ಮಾಲನ್ನು ವಾಪಸ್ ಕಳಿಸುವವನು. ಅಳೆಯುವ ಉಪಕರಣಗಳು ಕೂಡ ದಿನ ಕಳೆದಂತೆ ಸದ್ದಿಲ್ಲದೆ ದಾರಿ ತಪ್ಪುತ್ತವೆ. ಮುಳ್ಳು ಸರಿಯಾಗಿಯೇ ನಿಂತಂತೆ ಕಾಣುತ್ತದೆ, ಆದರೆ ಸೊನ್ನೆ ಇರಬೇಕಾದ ಜಾಗ ಸರಿದಿರುತ್ತದೆ. ಅದಕ್ಕೇ ಆರು ತಿಂಗಳಿಗೊಮ್ಮೆ ಪ್ರತಿ ಉಪಕರಣವನ್ನೂ ಪರೀಕ್ಷೆಗೆ ಕಳಿಸಿ, ಮುಂದಿನ ತಾರೀಕಿನ ಸ್ಟಿಕ್ಕರ್ ಅಂಟಿಸಬೇಕು. ಸ್ಟಿಕ್ಕರಿನ ತಾರೀಕು ಒಂದು ದಿನ ಮೀರಿದ್ದಕ್ಕೆ ಒಂದು ಹುಡುಗನಿಗೆ ಕಣ್ಣಲ್ಲಿ ನೀರು ಬರುವ ಹಾಗೆ ಬೈದವನು ನಾನು. ಅಂಥ ನಾನು, ಸಾಲದ ಪತ್ರವನ್ನು ಹದಿನೇಳು ವರ್ಷದಲ್ಲಿ ಒಂದು ಸಲವೂ ತೆಗೆದು ನೋಡಿರಲಿಲ್ಲ. ಕಂತಿನ ಮುಳ್ಳು ಅಲುಗಾಡದೆ ನಿಂತಿದೆ ಅಂತ ನೆಮ್ಮದಿಯಾಗಿದ್ದೆ.

ಶನಿವಾರ ಬೆಳಗ್ಗೆ, ಡೆಂಟಿಸ್ಟ್ ಹತ್ತಿರ ಹೋಗುತ್ತೇನೆ ಅಂತ ಸುಳ್ಳು ಹೇಳಿ, ಮೆಟ್ರೋ ಹಿಡಿದು ಕರೋಲ್ ಬಾಗ್‌ಗೆ ಹೋದೆ. ನಮ್ಮ ಸಾಲದ ಫೈಲು ಇರುವ ಶಾಖೆ ಅಲ್ಲಿದೆ. ಮದುವೆ ಸೀರೆಯ ಗಂಟುಗಳ ನಡುವೆ, ಸೈಕಲ್ ರಿಕ್ಷಾಗಳ ನಡುವೆ ನುಸುಳಿಕೊಂಡು ಹೋಗುವಾಗಲೂ ಒಂದು ಆಸೆ ಇತ್ತು: ಬೋಪಯ್ಯನವರಿಗೆ ತೋರಿಸಲು ಒಂದು ಕಾಗದ ಸಿಗುತ್ತದೆ, ಸೋಮವಾರ ಬಸ್ಸಿನಲ್ಲಿ ಅವರ ಮೂಗಿನ ಕೆಳಗೆ ಹಿಡಿಯಬಹುದು. ಸಾಲದ ಕೌಂಟರಿನಲ್ಲಿದ್ದ ಹುಡುಗಿ ನಿಧಿಗಿಂತ ನಾಲ್ಕೈದು ವರ್ಷ ದೊಡ್ಡವಳಿರಬೇಕು. ಕಂಪ್ಯೂಟರ್ ನೋಡಿ, "ನೌ ಸಾಲ್ ಔರ್, ಅಂಕಲ್" ಅಂದಳು. ಇನ್ನೂ ಒಂಬತ್ತು ವರ್ಷ.

ಮೂರು ಇರಬೇಕು, ಇನ್ನೊಮ್ಮೆ ನೋಡಮ್ಮ ಅಂದೆ. ಅವಳು ಎದ್ದು ಹೋಗಿ ಫೈಲನ್ನೇ ತಂದಳು. ಒಳಗೆ ಮೂರು ಹಳೆಯ ಕಾಗದಗಳಿದ್ದವು. ಪ್ರತಿಯೊಂದರಲ್ಲೂ ಎರಡು ಚೌಕ. ಒಂದರ ಮುಂದೆ, ಬಡ್ಡಿ ಏರಿದ್ದರಿಂದ ಕಂತು ಹೆಚ್ಚಿಸಲು ಒಪ್ಪಿಗೆ ಇದೆ ಅಂತ. ಇನ್ನೊಂದರ ಮುಂದೆ, ಕಂತು ಹಾಗೇ ಇರಲಿ, ಸಾಲದ ಅವಧಿಯನ್ನು ಅಗತ್ಯವಿದ್ದಷ್ಟು ಹೆಚ್ಚಿಸಿ ಅಂತ. ಮೂರರಲ್ಲೂ ಎರಡನೇ ಚೌಕದಲ್ಲಿ ಟಿಕ್. ನನ್ನ ಟಿಕ್ ನನಗೆ ಗೊತ್ತು. ದಿನಕ್ಕೆ ಇನ್ನೂರು ಸಲ ಹಾಕುತ್ತೇನೆ. "ಆಪ್ ಹೀ ಕೇ ಸೈನ್ ಹೈಂ ನಾ?" ಸಹಿ ನಿಮ್ಮದೇ ತಾನೇ ಅಂತ ಹುಡುಗಿ ಮೆತ್ತಗೆ ಕೇಳಿದಳು. ಕಂತು ಹಾಗೇ ಇರಲಿ ಅನ್ನುವವರೆಗೆ ಓದಿ, ಗೆದ್ದೆ ಅಂದುಕೊಂಡು ಪೆನ್ನು ಮುಚ್ಚಿದ್ದ ಆ ಮೂರು ದಿನಗಳೂ ನನಗೆ ನೆನಪಾದವು. ಬಡ್ಡಿ ಕಡಿಮೆ ಇರುವ ಹೊಸ ಪದ್ಧತಿಗೆ ಬದಲಾಯಿಸಿಕೊಳ್ಳಿ ಅಂತಲೂ ಒಂದು ಕಾಗದ ಬಂದಿತ್ತಂತೆ. ಅದೂ ನೆನಪಾಯಿತು. ದುಡ್ಡು ಕೀಳುವ ಉಪಾಯ ಅಂತ ಹೇಳಿ ನಾನು ಅದನ್ನು ಅಡುಗೆಮನೆಯ ಎಣ್ಣೆ ಡಬ್ಬಿಯ ಕೆಳಗೆ ಹಾಸಿದ್ದೆ.

ಹುಡುಗಿ ಹದಿನೇಳು ವರ್ಷದ ಲೆಕ್ಕವನ್ನು ಪ್ರಿಂಟ್ ತೆಗೆದು ಕೊಟ್ಟಳು. ಬ್ಯಾಂಕಿನ ಬಾಗಿಲಲ್ಲಿ ಕಬ್ಬಿನ ಹಾಲಿನ ಗಾಡಿಯ ಪಕ್ಕ ನಿಂತು ಓದಿದೆ. ಇಪ್ಪತ್ತೈದು ಲಕ್ಷ ತೆಗೆದುಕೊಂಡು, ನಲವತ್ತಮೂರು ಲಕ್ಷದ ಮೇಲೆ ಕಟ್ಟಿದ್ದೇವೆ. ಇನ್ನೂ ಹದಿನೈದೂವರೆ ಲಕ್ಷ ಬಾಕಿ. ಮೊದಲ ತಿಂಗಳ ಕಂತಿನಲ್ಲಿ ಅಸಲಿಗೆ ಹೋದದ್ದು ನಾಲ್ಕು ಸಾವಿರ ಚಿಲ್ಲರೆ. ಅದಾದರೂ ಪರವಾಗಿಲ್ಲ. ಬಡ್ಡಿ ಏರಿದ ವರ್ಷ ಒಂದು ತಿಂಗಳಿದೆ. ಇಪ್ಪತ್ತೊಂದು ಸಾವಿರದ ಮುನ್ನೂರರಲ್ಲಿ ಅಸಲಿಗೆ ಸಂದದ್ದು ಮುನ್ನೂರ ಎಂಬತ್ತೆಂಟು ರೂಪಾಯಿ. ನನ್ನ ಕಣ್ಣು ಆ ಸಾಲಿನ ಮೇಲೆ ನಿಂತುಬಿಟ್ಟಿತು. ಆ ತಿಂಗಳೆಲ್ಲ ವಸುಧಾ ನಲವತ್ತೆರಡು ಮಕ್ಕಳಿಗೆ ಏಳರ ಮಗ್ಗಿ ಕೂಗಿ ಕೂಗಿ ಹೇಳಿಕೊಟ್ಟು, ಕೊನೆಗೆ ಕೊಂಡದ್ದು ಮುನ್ನೂರ ಎಂಬತ್ತೆಂಟು ರೂಪಾಯಿಯಷ್ಟು ಮನೆ. ಬಾತ್‌ರೂಮಿನ ನಲ್ಲಿಯೂ ಅಷ್ಟಕ್ಕೆ ಬರುವುದಿಲ್ಲ. ನನಗೆ ಅಳು ಬಂತು. ಗಾಡಿಯವನು "ಬಾಬೂಜಿ, ಬಡಾ ಗಿಲಾಸ್ ಯಾ ಛೋಟಾ?" ಅಂತ ಕೇಳಿದ. ಸಕ್ಕರೆ ಕಾಯಿಲೆಯವನು ದೊಡ್ಡದನ್ನೇ ಕುಡಿದೆ.

ಹಿಂತಿರುಗುವ ಮೆಟ್ರೋದಲ್ಲಿ ನನ್ನ ಹೇಡಿತನ ಕೆಲಸ ಶುರುಮಾಡಿತು. ಹೇಳಲೇಬೇಕು, ಅದು ಸರಿ. ಆದರೆ ಯಾವಾಗ? ಇವತ್ತು ಶನಿವಾರ. ಅವಳು ಮಾತಾಡುವ ಹಾಗಿಲ್ಲ. ಇವತ್ತೇ ಹೇಳಿಬಿಟ್ಟರೆ ಬೈಗುಳವೆಲ್ಲ ಸ್ಲೇಟಿನ ಅಳತೆಗೆ ಇಳಿಯುತ್ತದೆ, ಸೋಮವಾರದ ಹೊತ್ತಿಗೆ ಆರಿಯೂ ಹೋಗುತ್ತದೆ. ಹೌದು, ಹೀಗೇ ಯೋಚಿಸಿದೆ. ಯಾರ ದನಿ ಹೋಗಲು ನಾನು ಕಾರಣವೋ, ಅವರ ದನಿ ಹೋದದ್ದರಲ್ಲಿ ನನಗೊಂದು ಅನುಕೂಲ ಕಂಡಿತು. ಬಚ್ಚಿಡಬಹುದಿತ್ತು, ಆದರೆ ಈ ಕಂತಿನ ವಿಷಯದಲ್ಲಿ ನಾನು ಇಷ್ಟು ವರ್ಷ ಸುಮ್ಮನಿದ್ದವನಲ್ಲವಲ್ಲ, ಮುಂದಿನ ಐದನೇ ತಾರೀಕು ಬಾಯಿ ಮುಚ್ಚಿಕೊಂಡರೆ ಅವಳೇ ಯಾಕೆ ಅಂತ ಕೇಳುತ್ತಾಳೆ.

ಮೂರು ಮಹಡಿ ಹತ್ತಿ ಬಂದಾಗ ವಸುಧಾ ಊಟದ ಟೇಬಲ್ಲಿನ ಮೇಲೆ ಬೀನ್ಸ್ ನಾರು ತೆಗೆಯುತ್ತಿದ್ದಳು. ನಿಧಿ ಎದುರು ಕೂತು ಮೊಬೈಲ್ ನೋಡುತ್ತಿದ್ದಳು. ನಾನು ನಿಂತೇ ಹೇಳಿದೆ. ಡೆಂಟಿಸ್ಟ್ ಸುಳ್ಳು, ಬ್ಯಾಂಕು, ಒಂಬತ್ತು ವರ್ಷ, ಮೂರು ಟಿಕ್, ಎಣ್ಣೆ ಡಬ್ಬಿಯ ಕೆಳಗಿನ ಕಾಗದ, ಎಲ್ಲ. ಕಂತು ಈಗ ಹೆಚ್ಚಿಸಿದರೆ, ಅಂದರೆ ಅವಳ ಮೂವತ್ತಮೂರು ಸಾವಿರ ಸಂಬಳವನ್ನೆಲ್ಲ ಸುರಿದರೆ, ಐದು ವರ್ಷಕ್ಕೆ ಮುಗಿಯುತ್ತದೆ ಅಂತ ಬ್ಯಾಂಕಿನ ಹುಡುಗಿ ಹೇಳಿದ್ದನ್ನೂ ಹೇಳಿದೆ. ನನ್ನ ಪ್ರಾವಿಡೆಂಟ್ ಫಂಡನ್ನು ನಿಧಿಯ ಕಾಲೇಜಿಗೆ ಆಗಲೇ ಅರ್ಧ ತೆಗೆದಾಗಿದೆ ಅನ್ನುವುದು ಅವಳಿಗೆ ಗೊತ್ತಿತ್ತು.

"ಪಪ್ಪಾ, ಆಪ್‌ನೇ ಪಢಾ ಹೀ ನಹೀಂ? ಓದಲೇ ಇಲ್ವಾ?" ಅಂದಳು ನಿಧಿ. "ನನಗೆ ಸ್ಕೂಲ್‌ನಲ್ಲಿ ಎವ್ರಿ ಎಕ್ಸಾಮ್‌ಗೆ ಹೇಳ್ತಿದ್ರಲ್ಲಾ, ಕ್ವೆಶ್ಚನ್ ಪೂರಾ ಓದು ಅಂತ."

   ವಸುಧಾ ಉಳಿದ ಬೀನ್ಸ್ ಬಿಡಿಸಿದಳು. ಕೈ ತೊಳೆದುಕೊಂಡಳು. ಮೊಳೆಯಿಂದ ಸ್ಲೇಟು ತೆಗೆದು, "ಧನಿಯಾ ತನ್ನಿ" ಅಂತ ಬರೆದಿದ್ದನ್ನು ಸೆರಗಿನಿಂದ ಒರೆಸಿ, ನನಗೆ ಬೆನ್ನು ಹಾಕಿ ಕೂತು ಬರೆಯತೊಡಗಿದಳು. ತುಂಬಾ ಹೊತ್ತು ಬರೆದಳು. ಬಳಪದ ಸದ್ದು ಕೇಳುತ್ತಾ ನಾನು, ಎಷ್ಟು ಬೈದರೂ ಬೈಸಿಕೊಳ್ಳಬೇಕು ಅಂತ ತಯಾರಾಗಿ ನಿಂತಿದ್ದೆ.

ಸ್ಲೇಟು ತಿರುಗಿಸಿದಳು. ಬೈಗುಳ ಒಂದೂ ಇರಲಿಲ್ಲ. ಪ್ರೈಮರಿ ಟೀಚರಿನ ಅಚ್ಚುಕಟ್ಟಾದ ಅಕ್ಷರದಲ್ಲಿ ಎರಡು ಚೌಕ ಬರೆದಿದ್ದಳು. ಮೊದಲ ಚೌಕದ ಮುಂದೆ: "ವಸುಧಾ ಮಾರ್ಚ್‌ನಲ್ಲಿ ಶಾಲೆ ಬಿಡುತ್ತಾಳೆ. ಸಾಲ ಇನ್ನೂ ಒಂಬತ್ತು ವರ್ಷ." ಎರಡನೇ ಚೌಕದ ಮುಂದೆ: "ವಸುಧಾ ಶಾಲೆಯಲ್ಲೇ ಇರುತ್ತಾಳೆ. ಕಂತು ಹೆಚ್ಚು. ಸಾಲ ಐದು ವರ್ಷ." ಕೆಳಗೆ ಒಂದು ಗೆರೆ ಎಳೆದು, "ಪೂರ್ತಿ ಓದಿ ಟಿಕ್ ಹಾಕಿ" ಅಂತ ಬರೆದು, ಬಳಪ ನನ್ನ ಕೈಗೆ ಕೊಟ್ಟಳು.

ನಾನು ಓದಿದೆ. ಪೂರ್ತಿ ಓದಿದೆ, ಎರಡು ಸಲ ಓದಿದೆ. ಜೀವನದಲ್ಲಿ ಒಮ್ಮೆಯಾದರೂ ಓದಿ ಸಹಿ ಹಾಕಬೇಕು ಅಂತ ಓದಿದ್ದು ಅಂತ ನಿಮಗೆ ಹೇಳಬಹುದು, ನೀವು ನಂಬಲೂಬಹುದು. ನಿಜ ಹೇಳುತ್ತೇನೆ. ಎರಡನೇ ಸಲ ಓದುವಾಗ ನಾನು ಲೆಕ್ಕ ಹಾಕುತ್ತಿದ್ದೆ. ಒಂಬತ್ತು ವರ್ಷ ಅಂದರೆ ನನಗೆ ಅರವತ್ತನಾಲ್ಕು. ಐದು ಅಂದರೆ ಅರವತ್ತು. ಡಾಕ್ಟರು ಖಾತ್ರಿ ಇಲ್ಲ ಅಂದಿದ್ದಾರೆಯೇ ಹೊರತು ಬರುವುದೇ ಇಲ್ಲ ಅಂದಿಲ್ಲವಲ್ಲ. ಬಳಪ ಹಿಡಿದ ಕೈ ಎರಡು ಚೌಕಗಳ ನಡುವೆ ಅಷ್ಟು ಹೊತ್ತು ನಿಂತಿತ್ತು. ಆಮೇಲೆ ಮೊದಲ ಚೌಕದಲ್ಲೇ ಟಿಕ್ ಹಾಕಿದೆ. ಆದರೆ ಕೈ ನಿಂತದ್ದನ್ನು ವಸುಧಾ ನೋಡಿದಳು. ದಿನಕ್ಕೆ ನಲವತ್ತೆರಡು ಮಕ್ಕಳ ಕೈ ನೋಡುವವಳು ಅವಳು.

ಸ್ಲೇಟನ್ನು ಹಾಗೇ ಮೊಳೆಗೆ ನೇತುಹಾಕಿದಳು. ಇವತ್ತಿಗೂ ಒರೆಸಿಲ್ಲ. ಮೊಸರು, ಧನಿಯಾ ಎಲ್ಲ ಈಗ ಕ್ಯಾಲೆಂಡರಿನ ಹಿಂಬದಿಗೆ ಹೋಗಿವೆ. ಅದರ ಮುಂದಿನ ವಾರ ನಾನು ಕರೋಲ್ ಬಾಗ್‌ಗೆ ಮತ್ತೆ ಹೋಗಿ, ಹೊಸ ಬಡ್ಡಿಯ ಅರ್ಜಿಯನ್ನು ಕೌಂಟರಿನಲ್ಲೇ ನಿಂತು ಮೂರು ಸಲ ಓದಿ ಕೊಟ್ಟು ಬಂದೆ. ಹಿಂದೆ ಸಾಲಿನಲ್ಲಿದ್ದವರು ಗೊಣಗಿದರು. ಅದರಿಂದ ಏಳೆಂಟು ತಿಂಗಳು ಕಡಿಮೆಯಾಗುತ್ತದಂತೆ. ಬಸ್ಸಿನಲ್ಲಿ ಬೋಪಯ್ಯನವರಿಗೆ ಎಲ್ಲವನ್ನೂ ಹೇಳಿದೆ. ಅವರು, "ರಿಟೈರ್ ಆದ್ಮೇಲೆ ನನ್ನ ಹತ್ತಿರ ಬನ್ನಿ ಸಾರ್, ಗೇಟಲ್ಲಿ ಕೆಲಸ ಕೊಡಿಸ್ತೀನಿ. ಆದ್ರೆ ಸಹಿ ಹಾಕೋ ರಿಜಿಸ್ಟರ್ ಹತ್ರ ಮಾತ್ರ ಕೂರಿಸಲ್ಲ" ಅಂದರು. ಐವತ್ತೆಂಟರಿಂದ ಅರವತ್ತನಾಲ್ಕರವರೆಗೆ ನನಗೆ ಆರು ವರ್ಷದ ನೌಕರಿ ಸಿಕ್ಕಿದ್ದು ಹೀಗೆ.

ಮಾರ್ಚ್ ಮುಗಿಯಿತು. ವಸುಧಾ ಶಾಲೆ ಬಿಟ್ಟಳು. ಈಗ ವಾರವೆಲ್ಲ ಮೌನ. ಸಾಸಿವೆ ಒಂದೇ ಸಿಡಿಯುತ್ತದೆ. ಆರು ತಿಂಗಳು ನೋಡೋಣ, ಆಮೇಲೆ ಹೇಳುತ್ತೇನೆ ಅಂದಿದ್ದಾರೆ ಡಾಕ್ಟರು. ಐದನೇ ತಾರೀಕು ಮೆಸೇಜ್ ಬರುತ್ತದೆ, ಈಗ ನನ್ನ ಖಾತೆಯಿಂದ, ಅದೇ ಇಪ್ಪತ್ತೊಂದು ಸಾವಿರದ ಮುನ್ನೂರು. ನಾನು ಗಟ್ಟಿಯಾಗಿ ಓದುವುದಿಲ್ಲ. ಮೊಬೈಲ್ ಮಗುಚಿಟ್ಟು ಅಡುಗೆಮನೆಯ ಕಡೆ ಕಿವಿ ಕೊಡುತ್ತೇನೆ. ಅವಳು ನನ್ನನ್ನು ಬೈಯಬೇಕಾದದ್ದು ತುಂಬಾ ಬಾಕಿ ಇದೆ. ಯಾವತ್ತು ದನಿ ಬರುತ್ತದೋ ಅವತ್ತು ಮೊದಲಿನಂತೆ ಕೆಳಗಿನ ತರಕಾರಿಯವನಿಗೂ ಹಿಂದಿನ ಬೀದಿಯ ಹಣ್ಣಿನವನಿಗೂ ಕೇಳುವ ಹಾಗೆ, ಬಡ್ಡಿ ಸಮೇತ ಬೈಯಲಿ. ಅದು ಎಷ್ಟು ವರ್ಷ ನಡೆದರೂ ನಾನು ಅವಧಿ ಕೇಳುವುದಿಲ್ಲ.